ಅವರು ಅಷ್ಟು ಬಿರುಸಾಗಿ ನಡೆಯುತ್ತಿರಲಿಲ್ಲ

ಶಿರಸಿಯ ಓದುಗರಿಗೆ,

ನಿಮ್ಮ ಕಾಗದ ಓದಿ ಖುಷಿಯಾಯಿತು. ಚಾಪ್ಲಿನ್‌ನ ಹಳೇ ಮೂಕಿ ಚಿತ್ರ ನೋಡುತ್ತಾ ನಿಮ್ಮ ಮೊಮ್ಮಗಳು, "ಅಜ್ಜ, ಆಗಿನ ಜನ ಎಲ್ಲ ಹೀಗೆ ಓಡ್ತಾನೇ ಇದ್ರಾ?" ಅಂತ ಕೇಳಿದಳಂತೆ. ಬರೀ ಗಡಿಬಿಡಿಯಲ್ಲಿ ನಟನೆ ಎಲ್ಲಿದೆ ಎಂಬುದು ನಿಮ್ಮ ಪ್ರಶ್ನೆ.

ಮೊದಲು ಮೊಮ್ಮಗಳಿಗೆ ಉತ್ತರ. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 16 ಚಿತ್ರಗಳಿರುತ್ತವೆ. ಆಗ ಕ್ಯಾಮೆರಾದವರು ಕೈಯಿಂದಲೇ ಹಿಡಿ ತಿರುಗಿಸುತ್ತಿದ್ದರು. ಸೆಕೆಂಡಿಗೆ ಸುಮಾರು ಒಂದು ಅಡಿ. ಸಾವಿರ ಅಡಿಯ ರೀಲು ಸುಮಾರು ಹದಿನಾರೂವರೆ ನಿಮಿಷ ಓಡುತ್ತಿತ್ತು. 1920ರ ದಶಕದ ಕೊನೆಗೆ ಸಿನಿಮಾಕ್ಕೆ ಮಾತು ಬಂತು. ದನಿ ಏರುಪೇರಾಗಬಾರದಲ್ಲ, ಹಾಗಾಗಿ ವೇಗ ಸೆಕೆಂಡಿಗೆ 24 ಚಿತ್ರಕ್ಕೆ ನಿಂತಿತು. ಹಳೆಯ ರೀಲನ್ನು ಆ ವೇಗದಲ್ಲಿ ಓಡಿಸಿದರೆ 11 ನಿಮಿಷಕ್ಕೆಲ್ಲ ಮುಗಿದುಹೋಗುತ್ತದೆ. ನಡೆಯುವವರೂ ಓಡುವಂತೆ ಕಾಣುವುದು ಅದಕ್ಕೇ.

ಹಾಗಂತ ಎಲ್ಲ ಓಟವೂ ಯಂತ್ರದ ತಪ್ಪಲ್ಲ. ಮ್ಯಾಕ್ ಸೆನೆಟ್ 1912ರಲ್ಲಿ ಶುರು ಮಾಡಿದ ಕೀಸ್ಟೋನ್ ಎಂಬ ಹಾಸ್ಯಚಿತ್ರಗಳ ಕಂಪನಿಯಲ್ಲಿ, ಅಟ್ಟಿಸಿಕೊಂಡು ಹೋಗುವ ದೃಶ್ಯಗಳಿಗೆ ಬೇಕಂತಲೇ ಹಿಡಿಯನ್ನು ನಿಧಾನ ತಿರುಗಿಸುತ್ತಿದ್ದರು. ತೆಗೆಯುವಾಗ ನಿಧಾನ, ತೆರೆಯ ಮೇಲೆ ಜೋರು. ಅದು ಒಗ್ಗರಣೆ ಇದ್ದ ಹಾಗೆ, ಎಷ್ಟು ಬೇಕೋ ಅಷ್ಟೇ ಹಾಕಿದ್ದು. ಅದರ ಮೇಲೆ ನಾವು ಇನ್ನಷ್ಟು ಓಡಿಸಿದರೆ ರುಚಿ ಕೆಡುತ್ತದೆ.

ಇನ್ನು ನಟನೆ. ಚಾಪ್ಲಿನ್‌ನ 'ಕಿಡ್ ಆಟೋ ರೇಸಸ್ ಅಟ್ ವೆನಿಸ್' ನೋಡಿ. ಬಿಡುಗಡೆಯಾದದ್ದು 1914ರ ಫೆಬ್ರವರಿ 7ಕ್ಕೆ. ಹತ್ತು ನಿಮಿಷವೂ ಇಲ್ಲ. ಕ್ಯಾಲಿಫೋರ್ನಿಯಾದ ವೆನಿಸ್‌ನಲ್ಲಿ ಮಕ್ಕಳ ಗಾಡಿ ರೇಸು ನಿಜವಾಗಿ ನಡೆಯುತ್ತಿತ್ತು, ಅಲ್ಲಿಗೇ ಹೋಗಿ ತೆಗೆದರು. ರೇಸಿನ ಚಿತ್ರ ತೆಗೆಯುವವರಿಗೆ ಒಬ್ಬ ಅಡ್ಡ ಬಂದು ನಿಲ್ಲುತ್ತಾನೆ. ಕಥೆ ಇಷ್ಟೇ! ದೊಗಳೆ ಪ್ಯಾಂಟು, ಬಿಗಿ ಕೋಟು, ಕೈಯಲ್ಲಿ ಬೆತ್ತ. ಚಾಪ್ಲಿನ್‌ನ ಆ ವೇಷವನ್ನು ಜನ ತೆರೆಯ ಮೇಲೆ ಮೊದಲು ಕಂಡದ್ದು ಇದರಲ್ಲೇ. ದಬ್ಬಿದರೆ ಹೋಗುತ್ತಾನೆ, ಮತ್ತೆ ಬರುತ್ತಾನೆ. ಏನೂ ಗೊತ್ತಿಲ್ಲದವನಂತೆ ನಿಂತು ಓರೆಗಣ್ಣಲ್ಲಿ ಕ್ಯಾಮೆರಾ ಕಡೆ ನೋಡುತ್ತಾನೆ. ಮದುವೆ ವಿಡಿಯೋದಲ್ಲಿ ಮತ್ತೆ ಮತ್ತೆ ತಲೆ ತೂರಿಸುವ ನೆಂಟರೊಬ್ಬರು ಇರ್ತಾರಲ್ಲ, ಥೇಟ್ ಹಾಗೆ. ಹಿಂದೆ ನಿಂತವರು ರೇಸು ನೋಡಲು ಬಂದ ಜನ. ಈತ ಯಾರೆಂದು ಅವರಿಗೆ ಗೊತ್ತಿಲ್ಲ. ಅವರ ಮುಖಗಳನ್ನೂ ನೋಡಿ, ನನಗೆ ಅವೇ ಜಾಸ್ತಿ ಇಷ್ಟ.

ಆ ಓರೆನೋಟ ಅರೆಕ್ಷಣದ್ದು. ವೇಗ ತಪ್ಪಿದರೆ ಕಾಣುವುದೇ ಇಲ್ಲ. ನೀವು ನೋಡಿದ ಪ್ರತಿಯಲ್ಲಿ ಆದದ್ದು ಅದೇ ಇರಬೇಕು. ಯೂಟ್ಯೂಬಿನಲ್ಲಿ ವೇಗವನ್ನು 0.75ಕ್ಕೆ ಇಳಿಸಿ, 24 ಇದ್ದದ್ದು 18 ಆಗುತ್ತದೆ. ಸಂಗೀತ ಎಳೆದಂತೆ ಕೇಳಿಸಿದರೆ ದನಿ ಬಂದ್ ಮಾಡಿ. ಮೊಮ್ಮಗಳನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿ. ಅವಳು ಎಲ್ಲೆಲ್ಲಿ ನಕ್ಕಳು ಅಂತ ನನಗೆ ಬರೆಯಿರಿ.

– ಸಂ.