ಬ್ಲೂಬೆರಿ ಎಲೆ ಹಳದಿಯಾದರೆ ಗೊಬ್ಬರ ಬೇಡ, ಮಣ್ಣಿನ ಹುಳಿ ನೋಡಿ

ನೆಟ್ಟು ಎರಡು ವರ್ಷವಾದರೂ ನಿಮ್ಮ ಬ್ಲೂಬೆರಿ ಗಿಡಗಳು ಮೊಣಕಾಲೆತ್ತರಕ್ಕೂ ಬಂದಿಲ್ಲ, ಚಿಗುರು ಹಳದಿಯಾಗುತ್ತಿದೆ, ಕೊಟ್ಟಿಗೆ ಗೊಬ್ಬರ ಕೊಟ್ಟಷ್ಟೂ ಸೊರಗುತ್ತಿವೆ, ಏನು ಮಾಡಲಿ ಎಂದು ಕೇಳಿದ್ದೀರಿ. ದಯವಿಟ್ಟು ಇಂದೇ ಗೊಬ್ಬರ ನಿಲ್ಲಿಸಿ. ಆಮೇಲೆ ತುದಿಯ ಒಂದು ಎಳೆಯ ಎಲೆ ಕಿತ್ತು ಬೆಳಕಿಗೆ ಹಿಡಿದು ನೋಡಿ. ನರಗಳು ಹಸಿರಾಗಿಯೇ ಉಳಿದು ಅವುಗಳ ನಡುವಿನ ಭಾಗ ಮಾತ್ರ ಹಳದಿಯಾಗಿದ್ದರೆ ಗಿಡಕ್ಕೆ ಕಬ್ಬಿಣದ ಅಂಶ ಸಿಗುತ್ತಿಲ್ಲ. ಮಣ್ಣಿನಲ್ಲಿ ಕಬ್ಬಿಣವಿಲ್ಲ ಎಂದಲ್ಲ. ಸಾಮಾನ್ಯವಾಗಿ ಬೇಕಾದಷ್ಟು ಇರುತ್ತದೆ. ಮಣ್ಣಿಗೆ ಹುಳಿ ಸಾಲದೆ ಅದು ಕರಗುವುದಿಲ್ಲ, ಕರಗದ್ದನ್ನು ಬೇರು ಹೀರುವುದಿಲ್ಲ.

ಮಣ್ಣಿನ ಹುಳಿಯನ್ನು ಅಳೆಯುವ ಅಂಕೆಗೆ ಪಿಎಚ್ ಎನ್ನುತ್ತಾರೆ; ಬ್ಲೂಬೆರಿಗೆ ಬೇಕಾದ ಪಿಎಚ್ 4.5ರಿಂದ 5.5. ತರಕಾರಿ ಮಡಿಗೆ ಒಪ್ಪುವ 6.5ಕ್ಕೂ ಇದಕ್ಕೂ ಅಂತರ ಸಣ್ಣದೆಂದು ತೋರಬಹುದು. ಆದರೆ ಪಿಎಚ್‌ನಲ್ಲಿ ಒಂದೊಂದು ಅಂಕೆ ಇಳಿದಾಗಲೂ ಆಮ್ಲೀಯತೆ ಹತ್ತು ಪಟ್ಟು ಏರುತ್ತದೆ. 6.5ಕ್ಕಿಂತ 4.5 ನೂರು ಪಟ್ಟು ಹುಳಿ. ಒಂದು ಕಾಲಕ್ಕೆ ಬ್ಲೂಬೆರಿ ಕಾಡಿನ ಗಿಡ, ತೋಟಕ್ಕೆ ಒಗ್ಗುವುದಿಲ್ಲ ಎಂದೇ ಜನ ನಂಬಿದ್ದರು. ಅಮೆರಿಕದ ಸಸ್ಯವಿಜ್ಞಾನಿ ಫ್ರೆಡರಿಕ್ ಕೋವಿಲ್ 1910ರಲ್ಲಿ ಪ್ರಕಟಿಸಿದ ಪ್ರಯೋಗಗಳಲ್ಲಿ ಇದಕ್ಕೆ ಬೇಕಿರುವುದು ಹುಳಿ ಮಣ್ಣು ಎಂದು ತೋರಿಸಿಕೊಟ್ಟರು. ನ್ಯೂಜೆರ್ಸಿಯ ಎಲಿಜಬೆತ್ ವೈಟ್ ಅವರೊಂದಿಗೆ ಸೇರಿ ಬೆಳೆಸಿದ ಮೊದಲ ಫಸಲು 1916ರಲ್ಲಿ ಮಾರುಕಟ್ಟೆಗೆ ಬಂತು.

ನಾನೂ ಮೂರು ಗಿಡ ಕಳೆದುಕೊಂಡ ಮೇಲೆಯೇ ಕಲಿತದ್ದು. ಸತ್ತ ಗಿಡವೊಂದನ್ನು ಅಗೆದು ತೆಗೆದಾಗ ಬೇರಿನ ಉಂಡೆ ನರ್ಸರಿ ಕುಂಡದ ಆಕಾರದಲ್ಲೇ ಇತ್ತು. ಕೂದಲಿನಷ್ಟು ಸಣ್ಣ ಬೇರುಗಳು ನನ್ನ ತೋಟದ ಮಣ್ಣನ್ನು ಮುಟ್ಟಿ ಅಲ್ಲಿಯೇ ನಿಂತುಬಿಟ್ಟಿದ್ದವು. ಎರಡು ವರ್ಷ ಒಂದಂಗುಲವೂ ಮುಂದೆ ಹೋಗಿರಲಿಲ್ಲ. ಇನ್ನು ಕುಂಡದಲ್ಲಿದ್ದ ಗಿಡಗಳ ಕಥೆ ಬೇರೆ. ಅವುಗಳ ಮಣ್ಣು ಸರಿಯಾಗಿಯೇ ಇತ್ತು, ಕುಂಡದ ಅಂಚಿನಲ್ಲಿ ಬಿಳಿ ಪೊರೆ ಕಟ್ಟಿತ್ತು. ಅದು ನೀರಿನ ಸುಣ್ಣ. ದಿನವೂ ಗಡಸು ನೀರು ಹಾಕಿ ಮಣ್ಣಿನ ಹುಳಿಯನ್ನು ನಾನೇ ಸ್ವಲ್ಪ ಸ್ವಲ್ಪವಾಗಿ ಅಳಿಸುತ್ತಿದ್ದೆ. ಡ್ರಮ್ಮಿನಲ್ಲಿ ಮಳೆನೀರು ಹಿಡಿದು ಅದನ್ನೇ ಹಾಕತೊಡಗಿದೆ. ಹಳದಿಯಾದ ಎಲೆಗಳು ಹಾಗೆಯೇ ಉಳಿದವು, ಹೊಸದಾಗಿ ಬಂದವು ಮಾತ್ರ ಗಾಢ ಹಸಿರು. ಅಂದು ನನಗಾದ ಸಂತೋಷ ಮೊದಲ ಹಣ್ಣು ತಿಂದಾಗಲೂ ಆಗಲಿಲ್ಲ.

ಹಾಗಾಗಿ ಮಣ್ಣು, ನೀರು ಎರಡರ ಪಿಎಚ್ಚನ್ನೂ ಅಳೆಯಿರಿ. ಮಣ್ಣು 6ರ ಆಸುಪಾಸಿನಲ್ಲಿದ್ದರೆ ಗಂಧಕದ ಪುಡಿಯಿಂದ ಇಳಿಸಬಹುದು. ಆದರೆ ಗಂಧಕವನ್ನು ಆಮ್ಲವಾಗಿಸುವುದು ಮಣ್ಣಿನ ಬ್ಯಾಕ್ಟೀರಿಯಾ. ಅದಕ್ಕೆ ತಿಂಗಳುಗಳೇ ಬೇಕು, ಅವಸರಪಟ್ಟು ಒಮ್ಮೆಲೇ ಸುರಿದರೆ ಬೇರು ಸುಡುತ್ತದೆ. ಮಣ್ಣಿನಲ್ಲೇ ಸುಣ್ಣದ ಅಂಶ ಹೆಚ್ಚಿದ್ದರೆ ನೆಲದೊಂದಿಗೆ ಸೆಣಸಬೇಡಿ, ನಲವತ್ತು ಐವತ್ತು ಲೀಟರಿನ ಕುಂಡಕ್ಕೆ ಗಿಡವನ್ನು ಬದಲಿಸಿ. ಪೀಟ್ ಮಾಸ್ (ಜೌಗುನೆಲದ ಅರೆಕೊಳೆತ ಪಾಚಿ) ಮತ್ತು ಪೈನ್ ತೊಗಟೆಯ ಚೂರು ಬೆರೆಸಿದ ಮಿಶ್ರಣ ಚೆನ್ನಾಗಿ ಒಗ್ಗುತ್ತದೆ. ನೀರು ಸರಾಗವಾಗಿ ಬಸಿದು ಹೋಗಬೇಕು. ಕಾಫಿ ಗಸಿ ಹಾಕಿದರೆ ಸಾಕೆಂದು ಹಲವರು ಹೇಳುತ್ತಾರೆ, ನಂಬಬೇಡಿ. ಡಿಕಾಕ್ಷನ್ ಇಳಿಸುವಾಗಲೇ ಹುಳಿಯ ಬಹುಪಾಲು ಹೋಗಿ, ಉಳಿಯುವ ಗಸಿ ಹೆಚ್ಚುಕಡಿಮೆ ತಟಸ್ಥ. ಬೂದಿಯನ್ನಂತೂ ಹತ್ತಿರ ತರಬೇಡಿ.

ಈ ಗಿಡದ ಬೇರುಗಳು ಆಳಕ್ಕಿಳಿಯುವುದಿಲ್ಲ, ಅವುಗಳಿಗೆ ಬೇರುರೋಮಗಳೂ ಇಲ್ಲ. ಒಂದು ದಿನ ಒಣಗಿದರೂ ನರಳುತ್ತವೆ, ನೀರು ನಿಂತರೂ ಕೊಳೆಯುತ್ತವೆ. ಬುಡದಲ್ಲಿ ಗುದ್ದಲಿ ಆಡಿಸಬೇಡಿ, ಕಳೆಯನ್ನು ಕೈಯಲ್ಲೇ ಕೀಳಿ. ತೊಗಟೆ ಚೂರು ಅಥವಾ ಒಣ ಎಲೆಯನ್ನು ಏಳೆಂಟು ಸೆಂಟಿಮೀಟರ್ ದಪ್ಪಕ್ಕೆ ಹೊದಿಸಿ, ಕಾಂಡಕ್ಕೆ ತಾಗದಿರಲಿ. ಹೊಸ ಎಲೆ ಹಸಿರಾದ ಮೇಲಷ್ಟೇ ಗೊಬ್ಬರದ ಮಾತು. ಆಗಲೂ ಅಮೋನಿಯಂ ಸಲ್ಫೇಟ್, ಅದೂ ಚಿಟಿಕೆಯ ಲೆಕ್ಕದಲ್ಲಿ. ನೈಟ್ರೇಟ್ ರೂಪದ ಗೊಬ್ಬರ ಇದಕ್ಕೆ ಹಿಡಿಸದು.

ತಳಿ ಯಾವುದೆಂದು ನೀವು ಬರೆದಿಲ್ಲ. ಉತ್ತರದ ಹೈಬುಷ್ (ಎತ್ತರದ ಪೊದೆಯಾಗಿ ಬೆಳೆಯುವ ಬ್ಲೂಬೆರಿ) ತಳಿಗಳು ಚಳಿಗಾಲದಲ್ಲಿ 7 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗಿನ ಚಳಿಯನ್ನು ಸುಮಾರು 800ರಿಂದ 1000 ಗಂಟೆ ಉಣ್ಣದೆ ಸರಿಯಾಗಿ ಹೂಬಿಡುವುದಿಲ್ಲ. ಚಳಿ ಕಡಿಮೆಯಿರುವಲ್ಲಿ ದಕ್ಷಿಣದ ಹೈಬುಷ್ ತಳಿಗಳೇ ಸರಿ. ಹತ್ತಿರದಲ್ಲಿ ಬೇರೆ ತಳಿಯ ಇನ್ನೊಂದು ಗಿಡವಿದ್ದರೆ ಪರಾಗಸ್ಪರ್ಶ ಚೆನ್ನಾಗಿ ಆಗಿ ಹಣ್ಣು ದಪ್ಪವಾಗುತ್ತದೆ.

ಇನ್ನೊಂದು ಕೇಳಿಕೆ. ಗಿಡ ಚೇತರಿಸಿಕೊಳ್ಳುವವರೆಗೆ ಹೂಗಳನ್ನು ಚಿವುಟಿ ಹಾಕಿ. ಪುಟ್ಟ ಗಂಟೆಗಳಂತಹ ಆ ಬಿಳಿ ಹೂಗಳನ್ನು ಕೀಳಲು ಕೈ ಬರುವುದಿಲ್ಲ, ನನಗೂ ಬಂದಿರಲಿಲ್ಲ. ಸೊರಗಿದ ಗಿಡ ಇರುವ ಶಕ್ತಿಯನ್ನೆಲ್ಲ ಹತ್ತು ಹಣ್ಣಿಗೆ ಸುರಿದು ಬೇರು ಬಿಡುವುದನ್ನೇ ಮರೆಯುತ್ತದೆ. ಮುಂದೆ ಹಣ್ಣು ಬಂದಾಗ ನೀಲಿಯಾದ ಕೂಡಲೇ ಕೀಳಬೇಡಿ, ಕಿತ್ತ ಮೇಲೆ ಅದರ ಸಿಹಿ ಹೆಚ್ಚುವುದಿಲ್ಲ. ತೊಟ್ಟಿನ ಸುತ್ತ ಕೆಂಪು ಛಾಯೆ ಇದ್ದರೆ ಇನ್ನೂ ನಾಲ್ಕೈದು ದಿನ ಬಿಡಿ. ಪೂರ್ತಿ ಮಾಗಿದ ಹಣ್ಣು ಬೆರಳು ಸೋಕಿದರೆ ತಾನಾಗಿ ಅಂಗೈಗೆ ಬೀಳುತ್ತದೆ.