ಓದುಗರ ಪ್ರಶ್ನೆ, ತಜ್ಞರ ಉತ್ತರ: ತಲೆ ಎರೆದುಕೊಂಡ ದಿನ ನೇರ ಕೂದಲು ಉಬ್ಬಿ ನಿಲ್ಲುವುದೇಕೆ?

ಈ ಸಲ ಬಂದ ಪತ್ರಗಳಲ್ಲಿ ಕೂದಲಿನ ಕುರಿತ ನಾಲ್ಕನ್ನು ಆಯ್ದುಕೊಳ್ಳಲಾಗಿದೆ. ಉತ್ತರಿಸಿದವರು ದಾವಣಗೆರೆಯ ಚರ್ಮರೋಗ ತಜ್ಞೆ.

ಪ್ರಶ್ನೆ: ನನಗೆ 21 ವರ್ಷ. ಊರು ಹೊನ್ನಾಳಿ. ದಾವಣಗೆರೆಯ ವಿದ್ಯಾನಗರದಲ್ಲಿ ಪಿಜಿಯಲ್ಲಿದ್ದುಕೊಂಡು ಓದುತ್ತಿದ್ದೇನೆ. ನನ್ನ ಕೂದಲು ಚಿಕ್ಕಂದಿನಿಂದಲೂ ನೇರ. ಆದರೆ ಇಲ್ಲಿಗೆ ಬಂದ ಮೇಲೆ, ತಲೆ ಎರೆದುಕೊಂಡ ದಿನ ಕೂದಲೆಲ್ಲ ಮೆಕ್ಕೆಜೋಳದ ತೆನೆಯ ಒಣ ಕೂದಲಿನ ಹಾಗೆ ಕೆದರಿ ನಿಲ್ಲುತ್ತದೆ. ಮರುದಿನ ಸ್ವಲ್ಪ ಕೂರುತ್ತದೆ. ಊರಿಗೆ ಹೋದಾಗ ಇಷ್ಟು ತೊಂದರೆ ಇಲ್ಲ. ಕಾಲೇಜಿನ ಅವಸರದಲ್ಲಿ ಟವೆಲಿನಿಂದ ಚೆನ್ನಾಗಿ ಜಾಡಿಸಿ, ಫ್ಯಾನಿನ ಕೆಳಗೆ ನಿಂತು ಬಾಚಿಕೊಳ್ಳುತ್ತೇನೆ. ಒಂದು ವರ್ಷದಲ್ಲಿ ಮೂರು ಶಾಂಪೂ ಬದಲಿಸಿದೆ. ಯಾವುದನ್ನು ಬಳಸಲಿ, ಮೇಡಂ?

ಉತ್ತರ: ನೀವು ಕೇಳಿರುವುದು ಶಾಂಪೂವಿನ ಬಗ್ಗೆ. ಆದರೆ ನನ್ನ ಕಣ್ಣು ನಿಂತಿದ್ದು ಪತ್ರದ ಬೇರೆ ಎರಡು ಮಾತುಗಳ ಮೇಲೆ: ಟವೆಲಿನಿಂದ ಜಾಡಿಸುತ್ತೇನೆ ಎಂಬುದು ಒಂದು, ಊರಿನಲ್ಲಿ ಇಷ್ಟು ತೊಂದರೆಯಿಲ್ಲ ಎಂಬುದು ಇನ್ನೊಂದು. ಶಾಂಪೂವನ್ನು ಸದ್ಯಕ್ಕೆ ಬದಿಗಿಟ್ಟು ಇವೆರಡನ್ನು ನೋಡೋಣ.

ಒಂದು ಕೂದಲೆಳೆಯನ್ನು ಎರಡು ಬೆರಳುಗಳ ನಡುವೆ ಹಿಡಿದು ಬುಡದಿಂದ ತುದಿಯ ಕಡೆಗೆ ಬೆರಳು ಜಾರಿಸಿ ನೋಡಿ, ನುಣುಪಾಗಿ ಜಾರುತ್ತದೆ. ಅದೇ ಬೆರಳನ್ನು ತುದಿಯಿಂದ ಬುಡದ ಕಡೆಗೆ ತನ್ನಿ, ಅಲ್ಲಲ್ಲಿ ತಡೆಯುತ್ತದೆ. ಹಂಚಿನ ಮನೆಯ ಮಾಡಿನಂತೆ ಒಂದರ ಮೇಲೊಂದು ಹೊದಿಸಿದ ಅತಿ ತೆಳುವಾದ ಹುರುಪೆಗಳಿಂದ ಕೂದಲಿನ ಹೊರಮೈ ಆಗಿರುವುದು ಮತ್ತು ಆ ಹುರುಪೆಗಳ ಅಂಚೆಲ್ಲ ತುದಿಯ ಕಡೆಗೇ ಇರುವುದು ಇದಕ್ಕೆ ಕಾರಣ. ಈ ಪದರಕ್ಕೆ ಕ್ಯುಟಿಕಲ್ ಎಂದು ಹೆಸರು. ಅದರ ಮೇಲೆ ಹುಟ್ಟಿನಿಂದಲೇ ಬಂದ ಕೊಬ್ಬಿನಂಥ ತೆಳು ಲೇಪವೊಂದಿದ್ದು, ಕೆಸುವಿನ ಎಲೆಯ ಮೇಲೆ ನೀರು ನಿಲ್ಲದಂತೆ ಅದು ಕೂದಲಿನ ಮೇಲೂ ನೀರು ನಿಲ್ಲಗೊಡುವುದಿಲ್ಲ. ಹುರುಪೆಗಳು ಮಲಗಿದ್ದಷ್ಟು ಕಾಲ ಕೂದಲು ಒಂದರ ಪಕ್ಕ ಒಂದು ಜಾರಿಕೊಂಡು ಸಾಲಾಗಿ ನಿಲ್ಲುತ್ತವೆ; ಅವು ಎದ್ದರೆ ಅಥವಾ ಮುರಿದರೆ ಒಂದಕ್ಕೊಂದು ತಗುಲಿಕೊಂಡು ಕೆದರುತ್ತವೆ.

ಈಗ ನೀರಿನ ಪಾತ್ರ. ಒದ್ದೆಯಾದ ಕೂದಲು ತನ್ನ ತೂಕದ ಸುಮಾರು ಶೇ 30ರಷ್ಟು ನೀರನ್ನು ಹೀರಿಕೊಳ್ಳುತ್ತದೆ ಮತ್ತು ದಪ್ಪದಲ್ಲಿ ಶೇ 15ರ ಆಸುಪಾಸು ಉಬ್ಬುತ್ತದೆ. ಉದ್ದದಲ್ಲಿ ಹಿಗ್ಗುವುದು ಶೇ 1ರಿಂದ 2 ಮಾತ್ರ. ಇದರ ಜೊತೆಗೆ, ಒಳಗಿನ ಕೆರಟಿನ್ ಎಂಬ ಪ್ರೋಟೀನಿನ ಎಳೆಗಳನ್ನು ಹಿಡಿದಿಟ್ಟಿರುವ ಹೈಡ್ರೋಜನ್ ಬಂಧಗಳು ನೀರಿನಲ್ಲಿ ಬಿಚ್ಚಿಕೊಂಡು, ಒಣಗುವಾಗ ಮತ್ತೆ ಕಟ್ಟಿಕೊಳ್ಳುತ್ತವೆ. ಒದ್ದೆ ಪಂಚೆಯನ್ನು ಮುದ್ದೆಯಾಗಿ ಬಿಟ್ಟರೆ ಸುಕ್ಕು ಹಾಗೆಯೇ ಒಣಗುತ್ತದೆ, ಜಗ್ಗಿ ಹರವಿದರೆ ಇಸ್ತ್ರಿಯೇ ಬೇಕಾಗುವುದಿಲ್ಲ, ಕೂದಲೂ ಹಾಗೆಯೇ. ಒಣಗುವ ಹೊತ್ತಿನಲ್ಲಿ ಯಾವ ಭಂಗಿಯಲ್ಲಿತ್ತೋ ಆ ಭಂಗಿಯನ್ನೇ ಮುಂದಿನ ಸಲ ನೆನೆಯುವವರೆಗೂ ಹಿಡಿದುಕೊಂಡಿರುತ್ತದೆ.

ನಮ್ಮ ಕಡೆ ತಲೆ ಒಣಗಿಸುವ ಪದ್ಧತಿಯನ್ನು ಈ ಕಣ್ಣಿನಿಂದ ನೋಡಿ. ಸೊಂಟ ಬಗ್ಗಿಸಿ, ಕೂದಲನ್ನೆಲ್ಲ ಮುಖದ ಮುಂದಕ್ಕೆ ಇಳಿಬಿಟ್ಟು, ಟವೆಲನ್ನು ಹಗ್ಗದಂತೆ ಹಿಡಿದು ಪಟಪಟನೆ ಹೊಡೆಯುತ್ತೇವೆ. ನೀರಿನ ಹನಿ ಗೋಡೆಯವರೆಗೂ ಸಿಡಿಯುತ್ತದೆ. ನನ್ನ ಅಜ್ಜಿಯೂ ಹೀಗೆಯೇ ಮಾಡುತ್ತಿದ್ದರು, ಆದರೆ ಅವರ ಕೈಯಲ್ಲಿದ್ದದ್ದು ಮೆತ್ತಗಾದ ಹಳೆಯ ಪಂಚೆ, ತಲೆಯಲ್ಲಿ ಹಿಂದಿನ ದಿನದ ಎಣ್ಣೆಯ ಅಂಶ ಇನ್ನೂ ಉಳಿದಿರುತ್ತಿತ್ತು. ಇಂದಿನ ಟರ್ಕಿ ಟವೆಲಿನ ಕುಣಿಕೆ ಕುಣಿಕೆಯಾದ ಮೈ, ಎಣ್ಣೆಯಿಲ್ಲದ ಉಬ್ಬಿದ ಕೂದಲಿನ ಮೇಲೆ ಬಡಿದಾಗ ಹುರುಪೆಗಳು ಎದ್ದು ಒಡೆಯುತ್ತವೆ, ಎಳೆಗಳು ಅಡ್ಡಾದಿಡ್ಡಿಯಾಗುತ್ತವೆ. ಅದರ ಮೇಲೆ ಫ್ಯಾನಿನ ಗಾಳಿ, ಒದ್ದೆಯಲ್ಲೇ ಬಾಚಣಿಗೆ. ಕೆದರಿದ ಸ್ಥಿತಿಯಲ್ಲೇ ಬಂಧಗಳು ಕಟ್ಟಿಕೊಂಡರೆ ಆಮೇಲೆ ಯಾವ ಶಾಂಪೂ ಏನು ಮಾಡೀತು? ಮರುದಿನ ಕೂದಲು ಕೂರುವುದು ನೆತ್ತಿಯ ಜಿಡ್ಡು ಅಷ್ಟರಲ್ಲಿ ಕೆಳಗಿಳಿಯುವುದರಿಂದ. ನೇರ ಕೂದಲಿನಲ್ಲಿ ಜಿಡ್ಡು ಗುಂಗುರು ಕೂದಲಿಗಿಂತ ಬೇಗ ಇಳಿಯುತ್ತದೆ.

ಎರಡನೆಯದು ಊರಿನ ನೀರು. ಹೊನ್ನಾಳಿಯ ಪಕ್ಕದಲ್ಲೇ ತುಂಗಭದ್ರೆ ಹರಿಯುತ್ತಾಳೆ. ದಾವಣಗೆರೆಗೂ ನದಿ ಮತ್ತು ಭದ್ರಾ ನಾಲೆಯ ನೀರೇ ಬರುತ್ತದಾದರೂ, ಪಿಜಿ ಮತ್ತು ಹಾಸ್ಟೆಲ್‌ಗಳಲ್ಲಿ ಸ್ನಾನದ ಕೋಣೆಗೆ ಬರುವುದು ಬಹಳಷ್ಟು ಕಡೆ ಬೋರ್‌ವೆಲ್ ನೀರು. ಅದು ಗಡಸು ನೀರೋ ಅಲ್ಲವೋ ಎಂದು ತಿಳಿಯಲು ಪ್ರಯೋಗಾಲಯಕ್ಕೆ ಓಡಬೇಕಾಗಿಲ್ಲ: ಬಕೆಟ್ಟಿನ ಒಳಗೆ, ನಲ್ಲಿಯ ಬಾಯಿಯಲ್ಲಿ ಬಿಳಿ ಪೊರೆ ಕಟ್ಟಿದೆಯೇ, ಸೋಪು ನೊರೆ ಬರುವ ಬದಲು ಮೊಸರಿನಂತೆ ಒಡೆಯುತ್ತದೆಯೇ, ಆ ನೀರಿನಲ್ಲಿ ಬೇಳೆ ಬೇಯಲು ಹೊತ್ತಾಗುತ್ತದೆಯೇ ಎಂದು ನೋಡಿದರೆ ಸಾಕು. ಅಂಕಿ ಬೇಕೆನ್ನುವವರಿಗೆ, ಕುಡಿಯುವ ನೀರಿನ ಭಾರತೀಯ ಮಾನಕದಲ್ಲಿ ಒಟ್ಟು ಗಡಸುತನಕ್ಕೆ ಒಪ್ಪಬಹುದಾದ ಮಿತಿ ಲೀಟರಿಗೆ 200 ಮಿಲಿಗ್ರಾಂ. ಬೇರೆ ನೀರಿನ ಮೂಲವಿಲ್ಲದಿದ್ದರೆ 600ರವರೆಗೆ ಸಹಿಸಬಹುದು. ಈ ನೀರಿನಲ್ಲಿರುವ ಕ್ಯಾಲ್ಸಿಯಂ ಮತ್ತು ಮೆಗ್ನೀಸಿಯಂ ಲವಣಗಳು ಕೂದಲಿನ ಮೇಲೆ ಕೂತು, ಅದನ್ನು ಒರಟಾಗಿಯೂ ಮಂಕಾಗಿಯೂ ಮಾಡುತ್ತವೆ. ದಾವಣಗೆರೆ, ಚಿತ್ರದುರ್ಗ ಎರಡೂ ಜಿಲ್ಲೆಗಳಲ್ಲಿ ಬೋರ್‌ವೆಲ್ ಎಂದೊಡನೆ ಫ್ಲೋರೈಡ್ ನೆನಪಾಗುವುದು ಸಹಜ. ಆದರೆ ಅದು ಹಲ್ಲು ಮತ್ತು ಮೂಳೆಯ ಸಮಸ್ಯೆ. ಕೂದಲನ್ನು ಒರಟು ಮಾಡುವುದು ಗಡಸುತನ.

ಹಾಗಾದರೆ ಏನು ಮಾಡಬೇಕು? ಎರೆದುಕೊಳ್ಳುವ ಹಿಂದಿನ ರಾತ್ರಿ ಅಥವಾ ಒಂದೆರಡು ಗಂಟೆ ಮೊದಲು ತುದಿಯ ಭಾಗಕ್ಕೆ ಕೊಬ್ಬರಿ ಎಣ್ಣೆ ಹಚ್ಚಿ. ಇದು ಅಜ್ಜಿಯ ಮಾತಷ್ಟೇ ಅಲ್ಲ: ಕೊಬ್ಬರಿ, ಸೂರ್ಯಕಾಂತಿ ಮತ್ತು ಖನಿಜ ಎಣ್ಣೆಗಳನ್ನು ಹೋಲಿಸಿ 2003ರಲ್ಲಿ ಪ್ರಕಟವಾದ ಭಾರತೀಯ ಅಧ್ಯಯನದಲ್ಲಿ, ತೊಳೆಯುವ ಮೊದಲೂ ನಂತರವೂ ಹಚ್ಚಿದಾಗ ಕೂದಲಿನ ಪ್ರೋಟೀನ್ ನಷ್ಟವನ್ನು ತಗ್ಗಿಸಿದ್ದು ಕೊಬ್ಬರಿ ಎಣ್ಣೆ ಮಾತ್ರ. ಅದರಲ್ಲಿ ಹೆಚ್ಚಾಗಿರುವ ಲಾರಿಕ್ ಆಮ್ಲ ಚಿಕ್ಕದೂ ನೇರವೂ ಆಗಿರುವುದರಿಂದ ಕೂದಲಿನ ಒಳಕ್ಕೆ ಇಳಿಯಬಲ್ಲದು. ನೀರು ಉಗುರು ಬೆಚ್ಚಗಿರಲಿ. ಶಾಂಪೂವನ್ನು ಒಂದು ಮಗ್ ನೀರಿನಲ್ಲಿ ಕಲಸಿಕೊಂಡು ನೆತ್ತಿಗೆ ಮಾತ್ರ ಹಚ್ಚಿ. ಹರಿದು ಬರುವ ನೊರೆಯೇ ಉದ್ದಕ್ಕೆ ಸಾಕು. ಕೂದಲನ್ನು ನೆತ್ತಿಯ ಮೇಲೆ ಗುಡ್ಡೆ ಹಾಕಿ ಬಟ್ಟೆಯಂತೆ ಉಜ್ಜಬೇಡಿ. ಆಮೇಲೆ ಕಂಡೀಷನರ್, ಅಡಿಕೆ ಗಾತ್ರದಷ್ಟು, ಕಿವಿಯಿಂದ ಕೆಳಗೆ ಮಾತ್ರ. ಸವೆದ ಕೂದಲಿನ ಮೇಲೆ ಋಣ ವಿದ್ಯುದಂಶ ಹೆಚ್ಚಿರುತ್ತದೆ. ಕಂಡೀಷನರ್‌ನಲ್ಲಿರುವ ಧನ ವಿದ್ಯುದಂಶದ ಅಣುಗಳು ಅಲ್ಲಿಗೇ ಹೋಗಿ ಅಂಟಿ, ಹುರುಪೆಗಳನ್ನು ಮಲಗಿಸುತ್ತವೆ. ನೇರ ಕೂದಲಿನ ಬುಡಕ್ಕೆ ಅದನ್ನು ಹಚ್ಚಿದರೆ ಮಾತ್ರ ಸಂಜೆಯ ಹೊತ್ತಿಗೆ ತಲೆ ಎಣ್ಣೆ ಸುರಿದಂತೆ ಜೋತುಬೀಳುತ್ತದೆ. ಎರಡು ನಿಮಿಷ ಬಿಟ್ಟು ತೊಳೆಯಿರಿ. ಕೊನೆಯ ಎರಡು ಮಗ್‌ಗಳಷ್ಟಾದರೂ ನದಿ ನೀರು ಅಥವಾ ಹಿಡಿದಿಟ್ಟ ಮಳೆ ನೀರು ಆಗಿದ್ದರೆ ಉತ್ತಮ. ಎರಡು ಮೂರು ವಾರಕ್ಕೊಮ್ಮೆ ಗಡಸು ನೀರಿಗೆಂದೇ ಮಾಡಿದ ಶಾಂಪೂ ಬಳಸಬಹುದು. ಶಾಂಪೂವಿನ ವಿಷಯದಲ್ಲಿ ನಾನು ಹೇಳುವುದು ಇಷ್ಟೇ.

ಈಗ ಮುಖ್ಯ ಭಾಗ. ಹಳೆಯ ಕಾಟನ್ ಪಂಚೆಯನ್ನೋ ಬಳಸಿ ಸವೆದ ಟೀ ಶರ್ಟನ್ನೋ ತೆಗೆದುಕೊಂಡು, ಕೂದಲನ್ನು ಅದರಲ್ಲಿ ಹಿಡಿದು ಮೇಲಿನಿಂದ ಕೆಳಕ್ಕೆ ಒತ್ತುತ್ತ ಬನ್ನಿ. ಉಜ್ಜಬೇಡಿ, ಹಿಂಡಬೇಡಿ, ಹೊಡೆಯಬೇಡಿ. ಹತ್ತು ನಿಮಿಷ ಸಡಿಲವಾಗಿ ಸುತ್ತಿಡಿ. ನೀರು ತೊಟ್ಟಿಕ್ಕುವುದು ನಿಂತ ಮೇಲೆ ಎರಡು ಮೂರು ಹನಿ ಕೊಬ್ಬರಿ ಎಣ್ಣೆಯನ್ನು ಅಂಗೈಯಲ್ಲಿ ತಿಕ್ಕಿ ತುದಿಗಳಿಗೆ ಸವರಿ. ಒದ್ದೆ ಕೂದಲು ಹೆಚ್ಚು ಜಗ್ಗುತ್ತದೆ, ಬೇಗ ತುಂಡಾಗುತ್ತದೆ. ಆದ್ದರಿಂದ ನೇರ ಕೂದಲಿನವರು ಅದು ಅರೆ ಒಣಗುವವರೆಗೆ ಕಾಯಬೇಕು. ಆಮೇಲೆ ಅಗಲ ಹಲ್ಲಿನ ಬಾಚಣಿಗೆಯಿಂದ ಮೊದಲು ತುದಿಯ ಸಿಕ್ಕು ಬಿಡಿಸಿ, ನಂತರ ನಡುವಿನಿಂದ, ಕೊನೆಗೆ ಬುಡದಿಂದ ಇಳಿಸಿ. ಬಾಚಿ ಸಾಲು ಮಾಡಿದ ಮೇಲೆ, ಪೂರ್ತಿ ಒಣಗುವವರೆಗೆ ಅದನ್ನು ಮುಟ್ಟದಿರುವುದೇ ಕಷ್ಟದ ಕೆಲಸ. ಬೆಳಿಗ್ಗೆ ಇಷ್ಟು ಬಿಡುವಿಲ್ಲವೆಂದಾದರೆ ಸಂಜೆ ಎರೆದುಕೊಳ್ಳಿ. ಹೇರ್ ಡ್ರೈಯರ್ ಬಳಸುವವರು ಅದನ್ನು 15 ಸೆಂಟಿಮೀಟರ್ ದೂರದಲ್ಲಿಟ್ಟು, ಕಡಿಮೆ ಬಿಸಿಯಲ್ಲಿ, ಒಂದೇ ಕಡೆ ನಿಲ್ಲಿಸದೆ, ಗಾಳಿ ಬುಡದಿಂದ ತುದಿಯ ಕಡೆಗೆ ಬೀಸುವಂತೆ ಹಿಡಿಯಬೇಕು. ತುದಿಯಿಂದ ಮೇಲಕ್ಕೆ ಬೀಸಿದರೆ ಮಾಡಿನ ಹಂಚಿನ ಕೆಳಗೆ ಗಾಳಿ ನುಗ್ಗಿದಂತೆ.

ಇಷ್ಟೆಲ್ಲ ಒಂದು ತಿಂಗಳು ಮಾಡಿಯೂ ಉಬ್ಬು ಇಳಿಯದಿದ್ದರೆ ಇನ್ನೊಂದು ಪರೀಕ್ಷೆಯಿದೆ. ಒಂದು ರಜೆಯ ದಿನ ತಲೆ ಎರೆದುಕೊಂಡು, ಬಾಚದೆ, ಫ್ಯಾನ್ ಹಾಕದೆ, ಹಾಗೆಯೇ ಒಣಗಲು ಬಿಡಿ. ಆಗ ಕೂದಲು ಸಣ್ಣ ಅಲೆಯಂತೆ ಬಾಗಿದರೆ, ನೀವು ನೇರವೆಂದುಕೊಂಡಿದ್ದ ಕೂದಲು ನಿಜದಲ್ಲಿ ಅಲೆಗೂದಲು. ಒಣಗಿದ ಮೇಲೆ ಬಾಚಿ ಅದರ ಅಲೆಯನ್ನು ಒಡೆಯುತ್ತಿದ್ದೀರಿ ಅಷ್ಟೆ. ಹರೆಯದಲ್ಲಿ ಕೂದಲಿನ ಸ್ವಭಾವ ಬದಲಾಗುವುದು ಅಪರೂಪವೇನಲ್ಲ. ಅಂಥವರು ಒದ್ದೆಯಿರುವಾಗಲೇ, ಕಂಡೀಷನರ್ ಇರುವಾಗಲೇ ಬಾಚಿ ಮುಗಿಸಬೇಕು. ಮೇಲೆ ಹೇಳಿದ್ದಕ್ಕೆ ಇದು ತಿರುವುಮುರುವು.

ಪ್ರಶ್ನೆ: ಚಿತ್ರದುರ್ಗದಿಂದ ಬರೆಯುತ್ತಿದ್ದೇನೆ, ವಯಸ್ಸು 32, ಹೆರಿಗೆಯಾಗಿ ಎಂಟು ತಿಂಗಳು. ತಲೆಗೆ ನೀರು ಹಾಕಿಕೊಂಡ ಮೇಲೆ ಬೈತಲೆಯ ಎರಡೂ ಬದಿ ಮತ್ತು ಹಣೆಯ ಮೇಲೆ ಬೆರಳುದ್ದದ ಕೂದಲು ನೆಟ್ಟಗೆ ನಿಲ್ಲುತ್ತವೆ. ಪಾರ್ಲರಿನಲ್ಲಿ ಕೆರಟಿನ್ ಮಾಡಿಸಿಕೊಳ್ಳಿ, ಎಲ್ಲ ಕೂರುತ್ತದೆ ಎನ್ನುತ್ತಿದ್ದಾರೆ. ಮಾಡಿಸಬಹುದೇ?

ಉತ್ತರ: ಮಾಡಿಸಬೇಡಿ. ಅಂಥ ಒಂದು ಕೂದಲನ್ನು ಬಿಳಿ ಕಾಗದದ ಮೇಲಿಟ್ಟು ಅದರ ತುದಿ ನೋಡಿ. ತುದಿ ಸೂಜಿಯಂತೆ ಸಣ್ಣಗಾಗುತ್ತ ಹೋಗಿದ್ದರೆ ಅದು ಹೊಸದಾಗಿ ಹುಟ್ಟಿದ ಕೂದಲು. ಕತ್ತರಿಸಿದಂತೆ ಮೊಂಡಾಗಿದ್ದರೆ ಅಥವಾ ಸೀಳಿದ್ದರೆ ಮುರಿದ ಕೂದಲು. ಹೆರಿಗೆಯ ಎರಡು ಮೂರು ತಿಂಗಳ ನಂತರ ಕೂದಲು ಉದುರಿ, ಆಮೇಲೆ ಮರಳಿ ಬರುವುದು ಸಾಮಾನ್ಯ. ತಿಂಗಳಿಗೆ ಸುಮಾರು 1 ಸೆಂಟಿಮೀಟರ್ ಬೆಳೆಯುವ ಲೆಕ್ಕದಲ್ಲಿ ಬೆರಳುದ್ದದ ನಿಮ್ಮ ಕೂದಲಿನ ವಯಸ್ಸು ಹೆರಿಗೆಯ ದಿನಾಂಕಕ್ಕೆ ಸರಿಯಾಗಿ ಹೊಂದುತ್ತದೆ. ಅದು ಸಂತೋಷಪಡಬೇಕಾದ ಸಂಗತಿ. ಉದುರಿದ್ದು ವಾಪಸು ಬರುತ್ತಿದೆ.

ಕೆರಟಿನ್ ಎಂದು ಕರೆಯುವ ಅನೇಕ ಚಿಕಿತ್ಸೆಗಳಲ್ಲಿ ಕೂದಲನ್ನು ಕೂರಿಸುವುದು ಫಾರ್ಮಾಲ್ಡಿಹೈಡ್ ಅಥವಾ ಬಿಸಿ ತಾಗಿದಾಗ ಅದನ್ನು ಬಿಡುವ ರಾಸಾಯನಿಕ. ಅದರ ಹೊಗೆ ಕಣ್ಣು, ಗಂಟಲು ಉರಿಸುತ್ತದೆ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಅಂಗ ಅದನ್ನು ಮನುಷ್ಯರಲ್ಲಿ ಕ್ಯಾನ್ಸರ್ ಉಂಟುಮಾಡುವ ವಸ್ತುಗಳ ಪಟ್ಟಿಯಲ್ಲಿಟ್ಟಿದೆ. 'ಫಾರ್ಮಾಲ್ಡಿಹೈಡ್ ಇಲ್ಲ' ಎಂದು ಬರೆದ ಕೆಲವು ಕ್ರೀಮುಗಳಲ್ಲಿ ಬದಲಿಗೆ ಗ್ಲೈಆಕ್ಸಿಲಿಕ್ ಆಮ್ಲ ಇರುತ್ತದೆ. ಅಂಥ ಚಿಕಿತ್ಸೆಯನ್ನು ಮೂರು ಸಲ ಮಾಡಿಸಿಕೊಂಡು, ಮೂರೂ ಸಲ ಮೂತ್ರಪಿಂಡಕ್ಕೆ ಪೆಟ್ಟಾದ 26 ವರ್ಷದ ಮಹಿಳೆಯೊಬ್ಬರ ವಿವರ 2024ರಲ್ಲಿ ವೈದ್ಯಕೀಯ ಪತ್ರಿಕೆಯಲ್ಲಿ ಪ್ರಕಟವಾಗಿದೆ. ಹಾಲೂಡುವ ತಾಯಿ ಬೆರಳುದ್ದದ ಕೂದಲಿಗಾಗಿ ಈ ಅಪಾಯವನ್ನು ಮೈಮೇಲೆ ಎಳೆದುಕೊಳ್ಳುವುದು ನನಗೆ ಒಪ್ಪಿಗೆಯಿಲ್ಲ. ಸದ್ಯಕ್ಕೆ ಒದ್ದೆಯಿರುವಾಗಲೇ ಬೈತಲೆ ತೆಗೆದು, ಒಂದು ಹನಿ ಎಣ್ಣೆ ತಾಗಿದ ಬೆರಳಿನಿಂದ ಆ ಕೂದಲನ್ನು ಮಲಗಿಸಿ, ಮೆತ್ತನೆಯ ಹತ್ತಿ ಬಟ್ಟೆಯನ್ನು ಹಣೆಗೆ ಹತ್ತು ನಿಮಿಷ ಕಟ್ಟಿ. ಜಡೆ ಬಿಗಿಯಾಗಿ ಎಳೆಯಬೇಡಿ.

ಪ್ರಶ್ನೆ: ಚಳ್ಳಕೆರೆಯ ನಮ್ಮ ಮನೆಯಲ್ಲಿ ಅತ್ತೆಯವರು ಸೀಗೆಕಾಯಿಯೇ ಆಗಬೇಕು ಎನ್ನುತ್ತಾರೆ. ಆದರೆ ಮಗಳ ಕೂದಲು ಪುಡಿ ಹಾಕಿ ತೊಳೆದಾಗ ಸಿಕ್ಕುಸಿಕ್ಕಾಗಿ ಎದ್ದು ನಿಲ್ಲುತ್ತದೆ. ಯಾರ ಮಾತು ಸರಿ?

ಉತ್ತರ: ಅತ್ತೆಯವರ ಮಾತು ತಪ್ಪಲ್ಲ, ಪುಡಿ ಹಾಕುವ ರೀತಿ ತಪ್ಪು. ಸೀಗೆಕಾಯಿಯ ನೊರೆ ಸೋಪಿನಂತೆ ಕ್ಷಾರವಲ್ಲ, ತುಸು ಹುಳಿಯ ಕಡೆಗೇ ಇರುತ್ತದೆ; ಕೂದಲಿಗೆ ಬೇಕಾದದ್ದೂ ಅದೇ. ಆದರೆ ಪುಡಿಯನ್ನು ನೇರವಾಗಿ ತಲೆಗೆ ಹಾಕಿ ಉಜ್ಜಿದರೆ ಅದರ ನಾರು ಮತ್ತು ತರಿ ಮರಳುಕಾಗದದಂತೆ ಕೆಲಸ ಮಾಡುತ್ತವೆ. ಕಾಯಿಯನ್ನು ರಾತ್ರಿ ನೆನೆಸಿ, ಬೆಳಿಗ್ಗೆ ಕುದಿಸಿ, ಕಿವುಚಿ, ತೆಳು ಬಟ್ಟೆಯಲ್ಲಿ ಸೋಸಿದ ನೀರನ್ನು ಮಾತ್ರ ಬಳಸಿ. ಕೊನೆಯಲ್ಲಿ ದಾಸವಾಳದ ಎಲೆಯ ಲೋಳೆಯನ್ನು ಸೋಸಿ ಉದ್ದಕ್ಕೆ ಸವರಿ ತೊಳೆದರೆ ಬಾಚಣಿಗೆ ಸುಲಭವಾಗಿ ಇಳಿಯುತ್ತದೆ. ಅಂಗಡಿಯ 'ಸೀಗೆಕಾಯಿ ಸೋಪು' ಎಂಬುದು ಸೋಪೇ, ಹೆಸರನ್ನು ನಂಬಬೇಡಿ.

ಪ್ರಶ್ನೆ: ನಾನು ಹಿರಿಯೂರಿನ ಯುವಕ. ದಿನವೂ ಮೈಸೋಪಿನಲ್ಲೇ ತಲೆ ತೊಳೆಯುತ್ತೇನೆ. ಕೂದಲು ಮುಳ್ಳಿನಂತಾಗಿದೆ. ಗಂಡಸರಿಗೂ ಕಂಡೀಷನರ್ ಬೇಕೇ?

ಉತ್ತರ: ಮೊದಲು ಸೋಪು ಬಿಡಿ. ಸಾಮಾನ್ಯ ಸೋಪಿನ ಪಿಎಚ್ (ಹುಳಿ-ಕ್ಷಾರದ ಅಳತೆ; 7ಕ್ಕಿಂತ ಹೆಚ್ಚಾದರೆ ಕ್ಷಾರ, ಕಡಿಮೆಯಾದರೆ ಹುಳಿ) 9ರಿಂದ 10, ನೆತ್ತಿಯ ಚರ್ಮದ್ದು 5.5ರ ಆಸುಪಾಸು. ಕ್ಷಾರದಲ್ಲಿ ಹುರುಪೆ ಏಳುತ್ತದೆ, ಜೊತೆಗೆ ಬೋರ್‌ವೆಲ್ ನೀರಾದರೆ ಸೋಪು ಸುಣ್ಣದಂತೆ ಗಟ್ಟಿಯಾಗಿ ಕೂದಲಿಗೆ ಮೆತ್ತಿಕೊಳ್ಳುತ್ತದೆ. ನಿಮ್ಮ ಮುಳ್ಳು ಅದೇ. ಒಂದು ಲೀಟರ್ ನೀರಿಗೆ ಒಂದು ಚಮಚ ವಿನೆಗರ್ ಬೆರೆಸಿ ಒಮ್ಮೆ ತೊಳೆದು ನೋಡಿ, ಅಂಟಿದ್ದು ಬಹುಮಟ್ಟಿಗೆ ಬಿಡುತ್ತದೆ. ನೆತ್ತಿಯಲ್ಲಿ ಗಾಯವಿದ್ದರೆ ಉರಿಯುತ್ತದೆ, ಆಗ ಬೇಡ. ನಂತರ ಎರಡು ಮೂರು ದಿನಕ್ಕೊಮ್ಮೆ ಶಾಂಪೂ ಸಾಕು. ನಿಮ್ಮ ಕೂದಲು ಎರಡು ಇಂಚಿಗಿಂತ ಉದ್ದವಿಲ್ಲದಿದ್ದರೆ ಕಂಡೀಷನರ್‌ಗೆ ದುಡ್ಡು ಹಾಕಬೇಡಿ; ಐದಾರು ತಿಂಗಳಲ್ಲಿ ಕ್ಷೌರದಂಗಡಿಯ ಕತ್ತರಿಯೇ ಹಳೆಯ ಭಾಗವನ್ನೆಲ್ಲ ತೆಗೆದಿರುತ್ತದೆ.