‘ನಾನು ಗಂಡು, ಇಷ್ಟವಾಗೋದೂ ಗಂಡಸರೇ’: ಒಂದು ಆಪ್ತಸಲಹೆ ಪ್ರಕರಣ

ನನ್ನ ಬಳಿ ಆಪ್ತಸಲಹೆಗೆ ಬಂದವನೊಬ್ಬನ ಕಥೆ ಇದು. ಹೆಸರು, ಊರು, ಕೆಲಸ ಎಲ್ಲ ಬದಲಿಸಿದ್ದೇನೆ. ‘ಅವನು’ ಎಂದು ಬರೆಯುತ್ತಿರುವುದು ಅವನೇ ಕೇಳಿದ್ದಕ್ಕೆ. ನಾನು ಮೊದಮೊದಲು ‘ಅವರು’ ಅನ್ನುತ್ತಿದ್ದೆ. ಕನ್ನಡದಲ್ಲಿ ಅದೊಂದು ಅನುಕೂಲ, ಗಂಡೋ ಹೆಣ್ಣೋ ಹೇಳದೆ ಜಾರಿಕೊಳ್ಳಬಹುದು. ಅವನಿಗೆ ಅದು ಬೇಕಿರಲಿಲ್ಲ.

2022ರ ಮಾತು. ವಿನಯ್‌ಗೆ ಆಗ 24. ಹಾವೇರಿ ಕಡೆಯವನು, ಬೆಂಗಳೂರಿನ ಗೋದಾಮೊಂದರಲ್ಲಿ ಪ್ಯಾಕಿಂಗ್ ಕೆಲಸ. ಹುಟ್ಟಿದಾಗ ಹೆಣ್ಣು ಎಂದು ಬರೆಸಿದ್ದರು. ಮೊದಲ ದಿನ ಅವನು ಹೇಳಿದ್ದು ಎರಡೇ ಮಾತು: ‘ನಾನು ಗಂಡು ಮೇಡಂ. ನನಗೆ ಇಷ್ಟವಾಗೋದೂ ಗಂಡಸರೇ.’

ನಾನು ಸುಲಭದ ಕೆಲಸ ಮಾಡಿದೆ. ಎಲ್‌ಜಿಬಿಟಿ (ಲೈಂಗಿಕ ಅಲ್ಪಸಂಖ್ಯಾತರ) ಗುಂಪೊಂದರ ನಂಬರ್ ಕೊಟ್ಟು, ‘ಹೋಗಿ ಬನ್ನಿ, ನಿಮ್ಮಂಥವರು ಸಿಗುತ್ತಾರೆ’ ಎಂದೆ.

ಮೂರು ವಾರಕ್ಕೆ ವಾಪಸ್ ಬಂದ. ಗುಂಪಿನಲ್ಲಿ ಹೆಚ್ಚಿನವರು ಗೇ ಹುಡುಗರು, ಮಾತೆಲ್ಲ ಇಂಗ್ಲಿಷಿನಲ್ಲಿ. ಒಬ್ಬ ಕೇಳಿದನಂತೆ, ‘ಗಂಡಸರು ಇಷ್ಟ ಅಂದ್ರೆ ನೀನು ಮಾಮೂಲಿ ಹುಡುಗಿ ಅಲ್ವಾ?’ ಉಳಿದವರು ನಕ್ಕರು. ಆಮೇಲೆ ಪರಿಚಯದ ಹಿರಿಯ ಮಂಗಳಮುಖಿಯೊಬ್ಬರ ಹತ್ತಿರ ಹೋದ. ಅವರು ಚಹಾ ಕೊಟ್ಟರು, ತಲೆ ಸವರಿದರು. ಆದರೆ ಅವರಿರುವುದು ಹಮಾಮ್‌ನಲ್ಲಿ, ಅಂದರೆ ಮಂಗಳಮುಖಿಯರು ಒಟ್ಟಿಗೆ ಬದುಕುವ ಮನೆಯಲ್ಲಿ. ಅಲ್ಲಿ ಗುರು, ಚೇಲಾ ಎಂಬ ಸಂಬಂಧವಿದೆ, ತಾಯ್ತನವೂ ಇದೆ. ‘ನಿನ್ನಂಥ ಗಂಡುಮಗನಿಗೆ ಇಲ್ಲಿ ಏನು ಮಾಡ್ಲಪ್ಪಾ?’ ಎಂದರಂತೆ.

ಊರಲ್ಲಿ ಅವ್ವನದು ಇನ್ನೊಂದು ಕಷ್ಟ. ಅವಳಿಗೆ ಜೋಗಪ್ಪ ಗೊತ್ತು. ಮನೆ ಮುಂದೆ ಬಂದರೆ ಮೊರದಲ್ಲಿ ಜೋಳ ತಂದು ಹಾಕಿ ಕೈ ಮುಗಿಯುತ್ತಾಳೆ. 2021ರಲ್ಲಿ ಮಂಜಮ್ಮ ಜೋಗತಿ ಪದ್ಮಶ್ರೀ ತಗೊಂಡಾಗ ಟಿವಿ ಮುಂದೆ ಕಣ್ಣೊರೆಸಿಕೊಂಡವಳು. ಗಂಡಾಗಿ ಹುಟ್ಟಿ ಸೀರೆ ಉಟ್ಟವರ ಹಿಂದೆ ಎಲ್ಲಮ್ಮ ಇದ್ದಾಳೆ. ಹೆಣ್ಣಾಗಿ ಹುಟ್ಟಿ ಪ್ಯಾಂಟು ಹಾಕಿದ ಮಗನ ಹಿಂದೆ ಯಾವ ದೇವರೂ ಅವಳಿಗೆ ಕಾಣಲಿಲ್ಲ. ‘ಗಂಡಸರಂದ್ರ ಇಷ್ಟ ಐತಿ ಅಂದಮ್ಯಾಲ ಲಗ್ನ ಆಗಾಕ ಏನ್ ಧಾಡಿ ಬೇ?’ ಅಂದಿದ್ದಳು. ಆ ಕಡೆ ‘ಬೇ’ ಅನ್ನುವುದು ಹೆಣ್ಣುಮಕ್ಕಳಿಗೆ, ‘ಲೇ’ ಅನ್ನುವುದು ಗಂಡುಮಕ್ಕಳಿಗೆ.

ಹೀಗಾಗಿ ವಿನಯ್ ಸುಳ್ಳು ಹೇಳಲು ಶುರು ಮಾಡಿದ್ದ. ‘ನನಗೆ ಹುಡುಗೀರು ಇಷ್ಟ’ ಅಂದರೆ ಜನಕ್ಕೆ ತಕ್ಷಣ ಅರ್ಥವಾಗುತ್ತಿತ್ತು, ‘ಪೂರ್ತಿ ಗಂಡು’ ಅಂತ. ಜಿಮ್ಮಿನ ಗೆಳೆಯನಿಂದ ಹಾರ್ಮೋನ್ ಇಂಜೆಕ್ಷನ್ ಚುಚ್ಚಿಸಿಕೊಳ್ಳುತ್ತಿದ್ದ. ಎದೆಯ ಆಪರೇಷನ್ನಿಗೆ ಮೀಟರ್ ಬಡ್ಡಿ ಸಾಲ ಕೇಳಿಟ್ಟಿದ್ದ.

ಮೊದಲು ನಾನು ಕ್ಷಮೆ ಕೇಳಿದೆ. ಒಂದೇ ಬಾವುಟದ ಕೆಳಗೆ ನಿಂತವರೆಲ್ಲ ಒಂದೇ ಮನೆಯವರು ಎಂದುಕೊಂಡಿದ್ದು ನನ್ನ ತಪ್ಪು. ತಾನು ಯಾರು ಎಂಬುದು ಒಂದು, ಯಾರ ಮೇಲೆ ಮನಸ್ಸು ಎಂಬುದು ಇನ್ನೊಂದು. ನಮ್ಮ ಸುಪ್ರೀಂ ಕೋರ್ಟ್ ಕೂಡ ಎರಡನ್ನೂ ಬೇರೆ ಬೇರೆ ದಿನ ಹೇಳಿತು. ಟ್ರಾನ್ಸ್‌ಜೆಂಡರ್ ಜನರ ಹಕ್ಕಿನ ಬಗ್ಗೆ 2014ರಲ್ಲಿ ಕೊಟ್ಟ ನಾಲ್ಸಾ ತೀರ್ಪಿನಲ್ಲಿ ಮೊದಲನೆಯದು, ಸಲಿಂಗ ಸಂಬಂಧವನ್ನು ಅಪರಾಧ ಎನ್ನುತ್ತಿದ್ದ 377ನೇ ಕಲಂ ಬಗ್ಗೆ 2018ರಲ್ಲಿ ಹೇಳುವಾಗ ಎರಡನೆಯದು. ‘ನಿಮಗೆ ಎರಡೂ ಬೇಕು’ ಎಂದೆ. ಅವನು ಮೊದಲ ಸಲ ನಕ್ಕ. ‘ಡಬಲ್ ರೇಷನ್ ಅನ್ರಿ!’

ಇಂಜೆಕ್ಷನ್ ವಿಷಯದಲ್ಲಿ ನಾನು ಮೃದುವಾಗಿರಲಿಲ್ಲ. ಟೆಸ್ಟೋಸ್ಟೆರಾನ್ ರಕ್ತವನ್ನು ದಪ್ಪ ಮಾಡಬಹುದು, ಆಗಾಗ ರಕ್ತಪರೀಕ್ಷೆ ಬೇಕು, ಪ್ರಮಾಣವನ್ನು ಹಾರ್ಮೋನ್ ಡಾಕ್ಟರೇ ಹೇಳಬೇಕು. ಇನ್ನೊಂದು ಮಾತನ್ನು ಅವನಿಗೆ ಯಾರೂ ಹೇಳಿರಲಿಲ್ಲ, ಯಾಕೆಂದರೆ ಅವನು ಗಂಡಸರ ಜೊತೆ ಇರಬಹುದೆಂದು ಯಾರೂ ಯೋಚಿಸಿಯೇ ಇರಲಿಲ್ಲ. ಮುಟ್ಟು ನಿಂತರೂ ಗರ್ಭ ನಿಲ್ಲಬಹುದು. ಈ ಇಂಜೆಕ್ಷನ್ ಗರ್ಭನಿರೋಧಕ ಅಲ್ಲ. ಕೇಳಿ ಬಹಳ ಹೊತ್ತು ಸುಮ್ಮನೆ ಕೂತ.

ಸಾಲ ಬೇಡ ಎಂದೆ. ಆಪರೇಷನ್ ಬೇಡ ಎನ್ನಲಿಲ್ಲ. ಯಾರಿಗೋ ಪುರಾವೆ ತೋರಿಸಲು ಮಾಡಿಸಿಕೊಳ್ಳುತ್ತಿದ್ದೀರಾ, ನಿಮಗೇ ಬೇಕಾ, ಇದೊಂದನ್ನು ಆರು ತಿಂಗಳು ಕೇಳಿಕೊಳ್ಳಿ ಎಂದೆ. ಆಗಿನ ನಿಯಮದಂತೆ 2019ರ ಟ್ರಾನ್ಸ್‌ಜೆಂಡರ್ ಹಕ್ಕುಗಳ ಕಾಯ್ದೆಯಡಿ ಜಿಲ್ಲಾಧಿಕಾರಿಯಿಂದ ಟ್ರಾನ್ಸ್‌ಜೆಂಡರ್ ಗುರುತಿನ ಪತ್ರ ಪಡೆಯಲು ಆಪರೇಷನ್ ಬೇಕಿರಲಿಲ್ಲ. ಆನ್‌ಲೈನ್ ಅರ್ಜಿ ಇಬ್ಬರೂ ಕೂತು ತುಂಬಿದೆವು. ‘ಪುರುಷ’ ಎಂದು ಬರೆಸಲು ಮಾತ್ರ ಆಪರೇಷನ್ ದಾಖಲೆ ಕೇಳುತ್ತಿದ್ದರು. ಇದು ಅವನಿಗೆ ನೋವಾಯಿತು. ನನ್ನ ಬಳಿ ಇದಕ್ಕೆ ಸಮಾಧಾನದ ಮಾತಿರಲಿಲ್ಲ.

ಗುಂಪು ಬಿಡಬೇಕಾ ಎಂದು ಕೇಳಿದ. ಬಿಡಲೇಬೇಕೆಂದಿಲ್ಲ, ಆದರೆ ಸುಳ್ಳು ಹೇಳಿಕೊಂಡು ಇರಬೇಡಿ ಎಂದೆ. ಮುಂದಿನ ಸಭೆಯಲ್ಲಿ ತನ್ನ ಬಗ್ಗೆ ನಿಜ ಹೇಳಿದ, ಕನ್ನಡದಲ್ಲೇ. ಇಬ್ಬರು ಎದ್ದು ಹೋದರು. ಒಬ್ಬ ಟ್ರಾನ್ಸ್ ಹುಡುಗ ಮಾತ್ರ ಬಸ್‌ಸ್ಟಾಪಿನವರೆಗೆ ಜೊತೆಗೆ ಬಂದ. ಭಾನುವಾರಗಳಲ್ಲಿ ಈಗ ಅವರಿಬ್ಬರೂ ಕ್ರಿಕೆಟ್ ಆಡುತ್ತಾರೆ. ಆ ಹಿರಿಯ ಮಂಗಳಮುಖಿಯ ಮನೆಗೆ ಹಬ್ಬಕ್ಕೆ ಊಟಕ್ಕೂ ಹೋಗುತ್ತಾನೆ.

ಅವ್ವನ ಜೊತೆ ವಾದ ಮಾಡಬೇಡಿ, ಫೋನ್ ಮಾತ್ರ ನಿಲ್ಲಿಸಬೇಡಿ ಎಂದಿದ್ದೆ. ಕೊನೆಯ ಭೇಟಿಯಲ್ಲಿ ಅವನೇ ವರದಿ ಕೊಟ್ಟ: ‘ಅವ್ವ ‘ಬೇ’ ಅನ್ನೋದು ಬಿಟ್ಟಾಳ್ರಿ ಮೇಡಂ. ‘ಲೇ’ ಇನ್ನೂ ಬಂದಿಲ್ಲ.’